ಪುರ್ತಗೇರಿಯ ನಾಲ್ಕನೆಯ ಬದಿ

ಹೋದ ಚಳಿಗಾಲದಲ್ಲಿ ಗಜೇಂದ್ರಗಡದಿಂದ ರೋಣಕ್ಕೆ ಹೊರಟಿದ್ದ ಬಸ್ಸು ನಡುದಾರಿಯಲ್ಲಿ ಕೆಟ್ಟು ನಿಂತಿತು. ಬೆಳಗಿನ ಎಂಟು ಗಂಟೆ ಇರಬೇಕು. ಕಾಲು ಸಡಿಲಾಗಲೆಂದು ಕೆಳಗಿಳಿದೆ. ರಸ್ತೆಗೆ ಹತ್ತಿಕೊಂಡೇ ಕಡಲೆ ಹೊಲ, ಇಬ್ಬನಿ ಇನ್ನೂ ಆರಿರಲಿಲ್ಲ. ಗಿಡಗಳ ಹುಳಿ ವಾಸನೆ ಮೂಗಿಗೆ ಬಡಿಯಿತು. ಉಳಿದ ಪ್ರಯಾಣಿಕರು ಎಳೆಗಾಯಿ ಕಿತ್ತು ಬಾಯಿಗೆ ಹಾಕಿಕೊಳ್ಳುತ್ತಿದ್ದರು. ನಾನು ಮರಳಿ ಬಸ್ಸು ಹತ್ತಿ ಕುಳಿತೆ. ಕುಳಿತಿರಲಾಗದೆ ಮತ್ತೆ ಇಳಿದೆ. ಎಷ್ಟು ವರ್ಷಗಳಾದರೂ ಆ ವಾಸನೆಗೆ ನಾನು ಇಪ್ಪತ್ತನಾಲ್ಕರವನಾಗುತ್ತೇನೆ, ಕೋರ್ಟಿನ ಸಮನ್ಸು ಕಿಸೆಯಲ್ಲಿಟ್ಟುಕೊಂಡು ಕಂಡಕಂಡಲ್ಲಿ ಅಲೆಯುತ್ತಿದ್ದ ಮೋಜಣಿದಾರ.

ಅದು ರಾಜ್ಯ ಒಂದಾದ ವರ್ಷ. ನಾನು ರೋಣದಲ್ಲಿ ಭೂಮಿ ಅಳೆಯುವ ನೌಕರಿಯಲ್ಲಿದ್ದೆ. ಖಾಯಂ ಆಗಿರಲಿಲ್ಲ. ನವೆಂಬರಿನಲ್ಲಿ ನಾವೆಲ್ಲ ಮುಂಬಯಿ ಸರಕಾರದವರಾಗಿದ್ದವರು ಒಂದೇ ದಿನದಲ್ಲಿ ಮೈಸೂರಿನವರಾದೆವು. ಪೇಢೆ ಹಂಚಿದರು, ಭಾಷಣ ಮಾಡಿದರು. ಮರುದಿನದಿಂದ ಯಾರನ್ನು ಎಲ್ಲಿಗೆ ಹಾಕುತ್ತಾರೆ, ಯಾರನ್ನು ಬಿಡುತ್ತಾರೆ ಎಂಬ ಮಾತೇ ಮಾತು. ಯಾರೂ ಕುರ್ಚಿಯಲ್ಲಿ ನೆಟ್ಟಗೆ ಕೂಡುತ್ತಿರಲಿಲ್ಲ. ನನಗೆ ಮಾತ್ರ ಅದಕ್ಕಿಂತ ದೊಡ್ಡ ಮುಳ್ಳೊಂದು ಮೊದಲೇ ನಟ್ಟಿತ್ತು.

ಆ ಬೇಸಿಗೆಯಲ್ಲಿ ಉಳುಮೆಯಿಲ್ಲದೆ ಪಡಾ ಬಿದ್ದ ಸರಕಾರಿ ಜಮೀನುಗಳನ್ನು ಭೂಮಿ ಇಲ್ಲದವರಿಗೆ ಹಂಚಬೇಕೆಂದು ಹುಕುಂ ಬಂದಿತ್ತು. ಅಳೆದು, ತುಂಡು ಮಾಡಿ, ನಕಾಶೆ ಬರೆದು ಕೊಡುವುದು ನನ್ನ ಕೆಲಸ. ಜೊತೆಗೆ ಸರಪಳಿ ಹಿಡಿಯಲು ಹುಸೇನ್‌ಸಾಬ. ಐವತ್ತು ದಾಟಿದ ತೆಳ್ಳನೆಯ ಮನುಷ್ಯ, ದಿನಗೂಲಿ. ಓದುಬರಹ ಬಾರದು, ಆದರೆ ಹೆಜ್ಜೆ ಹಾಕಿ ಎಕರೆ ಹೇಳುತ್ತಿದ್ದ. ಮೂವತ್ತಮೂರು ಅಡಿ ಉದ್ದದ ಕಬ್ಬಿಣದ ಸರಪಳಿಯ ಒಂದು ತುದಿ ಅವನ ಕೈಯಲ್ಲಿ, ಇನ್ನೊಂದು ನನ್ನದರಲ್ಲಿ. ಹೀಗೆ ಎರಡು ವರ್ಷ ನಾವು ತಾಲೂಕಿನ ಅರ್ಧ ಎರೆಭೂಮಿ ತಿರುಗಿದ್ದೆವು.

ಪುರ್ತಗೇರಿಯ ಹತ್ತಿರ ಒಂದು ಪಡಾ ಸರ್ವೆ ನಂಬರು. ಪಡುವಣಕ್ಕೆ ಬಂಡಿದಾರಿ, ಮೂಡಣಕ್ಕೆ ಹಳ್ಳ. ಹಳೆಯ ನಕಾಶೆಯಲ್ಲಿ ಎಂಟು ಎಕರೆ ಎಂದಿತ್ತು. ದಾರಿಯ ಬದಿ ಅಳೆದೆವು, ಮೇಲಿನ ಬದಿಯನ್ನೂ ಕೆಳಗಿನ ಬದಿಯನ್ನೂ ಹಳ್ಳದ ಕಡೆಯ ಜಾಲಿಕಂಟಿ ಅಡ್ಡ ಬರುವವರೆಗೆ ಅಳೆದೆವು. ಹೊತ್ತು ನೆತ್ತಿಯ ಮೇಲಿತ್ತು. ನೆಲ ಬಿರಿದು ಕಾಲು ಸಿಗುವಷ್ಟು ಬಾಯಿ ತೆರೆದಿತ್ತು. ಸಂಜೆಯ ಬಸ್ಸು ತಪ್ಪಿದರೆ ಮತ್ತೆ ಮರುದಿನವೇ.

"ಸಾಹೇಬ್ರ, ಹಳ್ಳದ ಬಾಜೂ ಉಳದೈತ್ರಿ," ಎಂದ ಹುಸೇನ್‌ಸಾಬ.

"ಹಳೇ ನಕಾಶೆದಾಗ ಐತಿ. ಅದನ್ನ ಹಾಕ್ತೀನಿ ಬಿಡು," ಎಂದೆ.

ಅವನು ಹಳ್ಳದ ಕಡೆ ಒಮ್ಮೆ ನೋಡಿ ಸರಪಳಿ ಸುತ್ತಿದ. ನಾನು ರೋಣಕ್ಕೆ ಬಂದು ಎಂಟು ಎಕರೆಯನ್ನು ನಾಲ್ಕು ನಾಲ್ಕರ ಎರಡು ತುಂಡು ಮಾಡಿ, ಚೆಂದಾಗಿ ಬಣ್ಣ ಹಾಕಿ, ಸಹಿ ಮಾಡಿ ಕೊಟ್ಟೆ. ಆ ಹಳ್ಳ ಎಷ್ಟೋ ವರ್ಷಗಳಿಂದ ದಂಡೆಯನ್ನು ತಿನ್ನುತ್ತ ಬಂದು ಮೂರು ಎಕರೆ ನುಂಗಿತ್ತು. ನೆಲದ ಮೇಲೆ ಇದ್ದದ್ದು ಐದೇ ಎಕರೆ.

ಒಂದು ತುಂಡು ಪುರ್ತಗೇರಿಯ ನೀಲವ್ವನಿಗೆ ಮಂಜೂರಾಯಿತು. ಗಂಡ ಸತ್ತ ಹೆಂಗಸು, ಮಂದಿಯ ಹೊಲದಲ್ಲಿ ಕಳೆ ಕಿತ್ತು ಬದುಕಿದವಳು. ಹುಕುಂ ಬರುವ ಎರಡು ವರ್ಷ ಮೊದಲೇ ಆ ಪಡಾ ನೆಲದ ಕಲ್ಲು ಆರಿಸಿ ಒಡ್ಡು ಹಾಕಿದ್ದಳು. ಇನ್ನೊಂದು ತುಂಡು ಗಜೇಂದ್ರಗಡದ ಫಕೀರಪ್ಪನಿಗೆ. ಅವನು ನೇಕಾರರ ಮನೆಯವನು, ದೊಡ್ಡ ಲಡಾಯಿಯಲ್ಲಿ ಸೈನ್ಯಕ್ಕೆ ಹೋಗಿ ಬಲಮೊಣಕಾಲು ಕೆಡಿಸಿಕೊಂಡು ಬಂದಿದ್ದ. ನೀಲವ್ವನ ಕಾಗದದಲ್ಲಿ ದಾರಿಯಿಂದ ನಾಲ್ಕು ಎಕರೆ ಎಂದಿತ್ತು, ಫಕೀರಪ್ಪನ ಕಾಗದದಲ್ಲಿ ಹಳ್ಳದಿಂದ ನಾಲ್ಕು ಎಕರೆ. ನಡುವಿನ ಮೂರು ಎಕರೆ ಇಬ್ಬರ ಕಾಗದದಲ್ಲೂ ಇತ್ತು. ಎರಡಕ್ಕೂ ಮುದ್ರೆ ಇತ್ತು, ಎರಡರ ಕೆಳಗೂ ನನ್ನ ನಕಾಶೆ ಇತ್ತು.

ಹಿಂಗಾರಿ ಮಳೆ ಬಿದ್ದ ಕೂಡಲೆ ನೀಲವ್ವ ತನ್ನ ಪಾಲೆಂದು ತಿಳಿದ ನಾಲ್ಕು ಎಕರೆಗೆ ಕಡಲೆ ಬಿತ್ತಿದಳು. ವಾರದ ಮೇಲೆ ಫಕೀರಪ್ಪ ಬಾಡಿಗೆ ಎತ್ತು ಹೊಡೆದುಕೊಂಡು ಬಂದ. ಅವನ ಪಾಲಿಗೆ ಬಿತ್ತದೆ ಉಳಿದದ್ದು ಹಳ್ಳದ ದಂಡೆಯ ಒಂದೇ ಎಕರೆ, ಅದರಲ್ಲೂ ಅರ್ಧ ಜಾಲಿ. ಮಾತು ಬೆಳೆಯಿತು. ಊರ ಹಿರಿಯರು ಎರಡೂ ಕಾಗದ ನೋಡಿ ಕೈ ಚೆಲ್ಲಿದರು. ಫಕೀರಪ್ಪ ಗದಗಿನ ಕೋರ್ಟಿಗೆ ಹೋದ. ತೀರ್ಪಾಗುವತನಕ ನಡುವಿನ ಮೂರು ಎಕರೆಗೆ ಇಬ್ಬರೂ ಕಾಲಿಡಕೂಡದೆಂದು ಮನಾಯಿ ಹುಕುಂ ಆಯಿತು. ಕೋರ್ಟಿನ ಮನುಷ್ಯ ಬಂದು ಸುಣ್ಣ ಬಳಿದ ಕಲ್ಲುಗಳನ್ನು ಸಾಲಾಗಿ ಇಟ್ಟು ಹೋದ. ಕಲ್ಲುಗಳ ನಡುವೆ ಕಡಲೆ ತನ್ನಷ್ಟಕ್ಕೆ ಬೆಳೆಯತೊಡಗಿತು.

ಸಮನ್ಸು ನನ್ನ ಕೈಗೆ ಬಂದದ್ದು ಡಿಸೆಂಬರಿನಲ್ಲಿ. ಅಂದಿನಿಂದ ಒಂದು ಕಡೆ ಕೂತು ಉಂಡದ್ದು ನೆನಪಿಲ್ಲ. ಕಚೇರಿಯಲ್ಲಿ ಹೋಗಿಬರುವವರ ಮುಖ ನೋಡುತ್ತಿದ್ದೆ. ಸಂಜೆ ರೋಣದ ಪೇಟೆಯ ಈ ತುದಿಯಿಂದ ಆ ತುದಿಗೆ, ಜೋಳದ ಚೀಲಗಳ ಸಂದಿಯಲ್ಲಿ, ಸುಮ್ಮನೆ ನಡೆಯುತ್ತಿದ್ದೆ. ಕೊನೆಗೊಂದು ರವಿವಾರ ಬಸ್ಸು ಹತ್ತಿ ಗಜೇಂದ್ರಗಡದಲ್ಲಿಳಿದು ಪುರ್ತಗೇರಿಗೆ ನಡೆದುಬಿಟ್ಟೆ.

ಹಳ್ಳದ ದಂಡೆಗೆ ಹೋಗಿ ನೋಡಿದೆ. ಅಳೆಯುವ ಮಾತೇ ಬೇಡ, ಕಣ್ಣಿಗೇ ತಿಳಿಯುತ್ತಿತ್ತು. ತಿರುಗಿ ಬರುವಾಗ ಬಿಳಿಯ ಕಲ್ಲುಗಳ ಈಚೆಗೆ ಒಬ್ಬ ಹೆಂಗಸು ಕವಣೆ ಹಿಡಿದು ನಿಂತಿದ್ದಳು. ದೂರದಲ್ಲಿ ಬೆಳೆಗೆ ಬಾಯಿ ಹಾಕಿದ ಚಿಗರಿ ಜಿಂಕೆಗಳ ಹಿಂಡು. ಅವಳು ಕಲ್ಲು ಬೀಸಿದಳು, ಹಿಂಡು ಚದುರಿತು. ನೀಲವ್ವನೇ ಎಂದು ಯಾರೂ ಹೇಳಬೇಕಾಗಿರಲಿಲ್ಲ.

"ನೀವ ಅಲ್ಲೇನ್ರಿ, ಬ್ಯಾಸಗ್ಯಾಗ ಬಂದು ಅಳದು ಹೋದಾವ್ರು?" ಎಂದಳು.

ಹೌದೆಂದೆ. ಬೈಯುತ್ತಾಳೆಂದು ಕಾದೆ. ಅವಳು ಬೈಯಲಿಲ್ಲ.

"ಒಳಗ ಹೋಗಬ್ಯಾಡ ಅಂದಾರ. ಹೋಗಿಲ್ಲ. ಕಳೆ ಬೆಳದೈತಿ, ನೋಡಕೋತ ನಿಂತೀನಿ. ಚಿಗರಿಗೆ ಮನಾಯಿ ಹುಕುಂ ಓದಾಕ ಬರೂದಿಲ್ಲಲ್ರಿ. ಅದಕ್ಕ ಹೊರಗ ನಿಂತು ಕಲ್ಲು ಒಗೀತೀನಿ. ಕಲ್ಲು ಒಳಗ ಬಿದ್ರ ತಪ್ಪೇನ್ರಿ?"

"ತಪ್ಪಲ್ಲ," ಎಂದೆ. ನನಗೇನು ಗೊತ್ತಿತ್ತು.

"ಕೋರ್ಟಿನ್ಯಾಗ ತಾರೀಖು, ಮುಂದಿನ ತಾರೀಖು ಅಂತಾರ. ಕಡ್ಲಿಗೂ ಒಂದು ತಾರೀಖು ಐತ್ರಿ. ಅದು ದಾಟಿದ್ರ ಕಾಯಿ ಒಡದು ನೆಲಕ್ಕ ಹೋಗ್ತೈತಿ. ನೀವು ಕಲತಾವ್ರು, ಇದನ್ನ ಅವರಿಗೆ ಹೇಳ್ರಿ."

ಹೇಳುತ್ತೇನೆಂದು ತಲೆಯಾಡಿಸಿ ಬಂದೆ. ಹೇಳಬೇಕಾದದ್ದು ಬೇರೆಯೇ ಇತ್ತು.

ನನಗಿಂತ ಹಿರಿಯರಾದ ಒಬ್ಬ ಮೋಜಣಿದಾರರ ಮುಂದೆ ಎಲ್ಲ ಬಿಚ್ಚಿಟ್ಟೆ. ಒಳ್ಳೆಯ ಮನುಷ್ಯ, ನನ್ನ ಮೇಲೆ ಅಕ್ಕರೆ ಇತ್ತು. ಅವರು ಎಲೆ ಅಡಿಕೆ ಹಾಕಿಕೊಳ್ಳುತ್ತ ಹೇಳಿದರು: "ಖರೇ ಹೇಳಿದ್ರ ನೌಕರಿ ಹೋಗ್ತೈತಿ. ನೀ ಇನ್ನೂ ಖಾಯಂ ಇಲ್ಲ. ಸರಪಳಿ ಹಿಡದಾಂವ ಸಡ್ಲ ಬಿಟ್ಟಾನು ಅನ್ನು. ಅವಗೇನು, ದಿನಗೂಲಿ. ನಾಳೆ ಇನ್ನೊಂದು ಕಡೆ ಗುದ್ದಲಿ ಹಿಡೀತಾನ."

ಅವರು ಚಾಚಿದ ಎಲೆ ಅಡಿಕೆ ತೆಗೆದುಕೊಂಡು ಎದ್ದು ಬಂದೆ.

ಬೆಳೆ ನಿಂತಿದೆಯೆಂದು ನ್ಯಾಯಾಧೀಶರು ದಾವೆಯನ್ನು ಲಗೂನೇ ಕೈಗೆತ್ತಿಕೊಂಡರು. ಜನವರಿಯ ಒಂದು ಬೆಳಿಗ್ಗೆ ಗದಗಿನ ಬಸ್ಸಿನಲ್ಲಿ ನನ್ನ ಪಕ್ಕ ಬಂದು ಕೂತವನು ಫಕೀರಪ್ಪ. ಬಲಗಾಲನ್ನು ನಡುದಾರಿಗೆ ಚಾಚಿದ್ದ, ಬಂದವರೆಲ್ಲ ಅದನ್ನು ದಾಟಿ ಹೋಗಬೇಕಿತ್ತು. ನಾನು ಯಾರೆಂದು ತಿಳಿದೂ ಸಹಜವಾಗಿ ಮಾತಿಗೆಳೆದ.

"ನಮ್ಮ ಮನ್ಯಾಗ ನಾಕು ಮಗ್ಗ ಅದಾವ್ರಿ. ಸೀರಿ ನೇಯೂದು ಹುಟ್ಟಿದಾಗಿಂದ ಗೊತ್ತು. ಆದ್ರ ಮಗ್ಗದ ಕುಣಿಯಾಗ ಕಾಲು ಇಳಿಬಿಡಬೇಕಲ್ರಿ, ಮೆಟ್ಟಬೇಕು. ಈ ಕಾಲು ಮಡಚೂದಿಲ್ಲ. ತಮ್ಮಂದ್ರು ನೇಯ್ತಾರ, ನಾ ಕುಂತು ಉಣ್ಣೂದು. ಎಷ್ಟು ದಿನ ಉಣ್ಣಲಿ? ಅದಕ್ಕ ಭೂಮಿ ಬೇಡಿದೆ."

"ನೀಲವ್ವನ ಮ್ಯಾಲ ಸಿಟ್ಟೈತೇನು?" ಎಂದು ಕೇಳಿದೆ.

"ಆಕಿ ಮ್ಯಾಲ ದಾವೆ ಹಾಕಿಲ್ರಿ ನಾ. ಕಾಗದದ ಮ್ಯಾಲ ಹಾಕೀನಿ. ಒಂದ ನೆಲಕ್ಕ ಎರಡು ಕಾಗದ ಹ್ಯಾಂಗ ಹುಟ್ಟಿದ್ವು, ಅದಷ್ಟ ತಿಳೀಬೇಕು."

ಬಸ್ಸು ಗದಗ ಮುಟ್ಟುವವರೆಗೂ ನಾನು ಕಿಟಕಿಯ ಹೊರಗೇ ನೋಡಿದೆ. ಹಿಂದಿನ ಸೀಟಿನಲ್ಲಿ ಹುಸೇನ್‌ಸಾಬ ಕೂತಿದ್ದ. ಅವನಿಗೂ ಸಮನ್ಸು ಬಂದಿತ್ತು. ಹೊರಡುವ ಮುನ್ನ ಅವನು ಒಂದೇ ಮಾತು ಹೇಳಿದ್ದ: "ಸಾಹೇಬ್ರ, ಏನ ಹೇಳಬೇಕಂತ ನೀವು ಹೇಳಿಕೊಡಬ್ಯಾಡ್ರಿ. ನನಗ ಎರಡು ಮಾತು ನೆನಪಿರೂದಿಲ್ಲ."

ನನ್ನನ್ನು ಮೊದಲು ಕರೆದರು. ಕಟಕಟೆಯ ಮರ ಎಷ್ಟೋ ಜನರ ಕೈ ತಾಗಿ ನುಣುಪಾಗಿತ್ತು. ನೀಲವ್ವನ ಪರ ವಕೀಲರು ಕೇಳಿದರು: "ನಾಲ್ಕೂ ಬದಿ ಅಳೆದಿರೇನು?"

"ಅಳೆಯಲಾಗಿದೆ," ಎಂದೆ. ಅಳೆದೆ ಎನ್ನಲು ನಾಲಿಗೆ ತಿರುಗಲಿಲ್ಲ.

"ಹಾಗಿದ್ದರೆ ಮೂರು ಎಕರೆ ಎಲ್ಲಿ ಹೋಯಿತು?"

"ಸರಪಳಿ ಹಿಡಿದವನ ಕೈಯಲ್ಲಿ ತಪ್ಪಾಗಿರಬಹುದು," ಎಂದೆ.

ಮಾತು ಹೊರಬಿದ್ದ ಮೇಲೆ ಬಾಗಿಲ ಕಡೆ ನೋಡಿದೆ. ಪಡಸಾಲೆಯಲ್ಲಿ ಹುಸೇನ್‌ಸಾಬ ಬಾಗಿಲಿಗೆ ಒರಗಿ ನಿಂತಿದ್ದ. ಅವನಿಗೆ ಕೇಳಿಸಿತ್ತು. ಅವನು ತಲೆ ಎತ್ತಲಿಲ್ಲ, ರುಮಾಲಿನ ಚುಂಗನ್ನು ಬೆರಳಿಗೆ ಸುತ್ತಿ ಬಿಡಿಸುತ್ತಿದ್ದ.

ಆಮೇಲೆ ಅವನ ಸರದಿ. "ಸರಪಳಿ ಸಡಿಲ ಹಿಡಿದಿದ್ದೆಯಾ?" ಎಂದು ಕೇಳಿದರು.

"ನಾ ಹಿಡದದ್ದು ಮೂರು ಬದಿರಿ, ಸಾಹೇಬ್ರ. ಹಳ್ಳದ ಬದಿ ನಾ ಹಿಡದಿಲ್ಲ. ಹಿಡೀಲಾರದ್ದನ್ನ ತಪ್ಪು ಹ್ಯಾಂಗ ಹಿಡೀಲಿ?"

ಅವನು ನನ್ನನ್ನು ದೂರಲಿಲ್ಲ. ಕೇಳಿದ್ದಕ್ಕೆ ಮಾತ್ರ ಉತ್ತರ ಕೊಟ್ಟ. ನ್ಯಾಯಾಧೀಶರು ಕನ್ನಡಕ ತೆಗೆದು ಒರೆಸಿಕೊಂಡರು. ಎರಡು ಸಾಕ್ಷಿಗಳು ಕೂಡುವುದಿಲ್ಲ, ತಾವೇ ಬಂದು ಜಮೀನು ನೋಡಿ ತಮ್ಮೆದುರಿಗೇ ಅಳೆಸುವುದಾಗಿ ಹೇಳಿ ಮುಂದಿನ ವಾರಕ್ಕೆ ದಿನ ಗೊತ್ತು ಮಾಡಿದರು.

ಆ ವಾರ ನಾನು ಹೇಗೆ ಕಳೆದೆನೋ. ಹುಸೇನ್‌ಸಾಬ ಕೆಲಸಕ್ಕೆ ಬರುತ್ತಿದ್ದ, ಸರಪಳಿಗೆ ಎಣ್ಣೆ ಒರೆಸುತ್ತಿದ್ದ, ಹೋಗುತ್ತಿದ್ದ. ಎರಡು ಸಲ ಅವನ ಮನೆಯ ಓಣಿಯವರೆಗೆ ಹೋಗಿ ತಿರುಗಿ ಬಂದೆ. ಹಿರಿಯ ಮೋಜಣಿದಾರರು ಮತ್ತೊಂದು ದಾರಿ ತೋರಿಸಿದರು: "ಈ ಮಳಿಗಾಲದಾಗ ಹಳ್ಳ ಕೊರೀತು ಅನ್ನು. ನೀ ಅಳದಾಗ ಎಂಟು ಎಕರೆ ಇತ್ತು, ಈಗ ಐದು. ಹಳ್ಳಕ್ಕ ಯಾರು ಸಮನ್ಸು ಕೊಡ್ತಾರ?" ನಿಜಕ್ಕೂ ಒಳ್ಳೆಯ ಸುಳ್ಳು. ನನ್ನನ್ನೂ ಉಳಿಸುತ್ತಿತ್ತು, ಹುಸೇನ್‌ಸಾಬನನ್ನೂ. ಅದನ್ನೇ ಹೇಳುವುದೆಂದು ಗಟ್ಟಿ ಮಾಡಿಕೊಂಡು ಪುರ್ತಗೇರಿಗೆ ಹೋದೆ. ದಾರಿಯುದ್ದಕ್ಕೂ ಆ ಮಾತುಗಳನ್ನು ಬಾಯಿಪಾಠ ಮಾಡಿದೆ.

ಬೆಳಗಿನ ಬಿಸಿಲು ಏರುತ್ತಿತ್ತು. ಕಡಲೆ ಹೊಂಬಣ್ಣಕ್ಕೆ ತಿರುಗಿ, ಕೆಲವು ಗಿಡ ಆಗಲೇ ಒಣಗಿ ಗಾಳಿಗೆ ಗಿಲಗಿಲ ಅನ್ನುತ್ತಿದ್ದವು. ನ್ಯಾಯಾಧೀಶರು ಬಂಡಿಯಿಂದಿಳಿದು ನೇರ ಬೆಳೆಯ ನಡುವೆ ನಡೆದರು. ವಕೀಲರು, ಗುಮಾಸ್ತರು, ಫಕೀರಪ್ಪ, ಸರಪಳಿ ಹೊತ್ತ ಹುಸೇನ್‌ಸಾಬ, ನಾನು, ಎಲ್ಲ ಅವರ ಹಿಂದೆ. ನೀಲವ್ವ ಮಾತ್ರ ಬಿಳಿ ಕಲ್ಲುಗಳ ಆಚೆಗೇ ನಿಂತಿದ್ದಳು.

"ಬಾರವ್ವ, ನೀನೂ ನೋಡು," ಎಂದರು ನ್ಯಾಯಾಧೀಶರು.

"ಒಳಗ ಬರಬಹುದೇನ್ರಿ?" ಎಂದಳು.

ಬರಬಹುದು ಎಂದರು. ಅವಳು ಚಪ್ಪಲಿ ಬಿಟ್ಟು, ಸೀರೆಯ ನೆರಿಗೆ ಎತ್ತಿ ಹಿಡಿದು, ಒಂದು ಕಾಯಿಯೂ ಉದುರದ ಹಾಗೆ ಸಾಲಿನ ನಡುವೆ ಕಾಲಿಟ್ಟಳು. ಎರಡು ಹೆಜ್ಜೆ ಬಂದು ಬಗ್ಗಿ, ಮೊಣಕಾಲುದ್ದ ಬೆಳೆದ ಕಳೆಯೊಂದನ್ನು ಕಿತ್ತಳು. ಕಿತ್ತದ್ದು ಸರಿಯೋ ತಪ್ಪೋ ಎಂದು ನ್ಯಾಯಾಧೀಶರ ಮುಖ ನೋಡಿ, ಅದನ್ನು ಕೈಯಲ್ಲೇ ಹಿಡಿದು ನಿಂತಳು.

ಬಾಯಿಪಾಠ ಮಾಡಿದ್ದು ನನ್ನ ಬಾಯಿಗೆ ಬರಲಿಲ್ಲ.

"ನಾನು ಹಳ್ಳದ ಬದಿ ಅಳೆದೇ ಇಲ್ಲ," ಎಂದೆ. "ಬಿಸಿಲಿತ್ತು, ಜಾಲಿ ಇತ್ತು, ಬಸ್ಸಿಗೆ ಹೊತ್ತಾಗಿತ್ತು. ಹಳೆಯ ನಕಾಶೆ ನೋಡಿ ಬರೆದೆ. ಕೋರ್ಟಿನಲ್ಲಿ ಹೇಳಿದ್ದು ಸುಳ್ಳು."

ನ್ಯಾಯಾಧೀಶರು ಗುಮಾಸ್ತರಿಗೆ ಬರೆದುಕೊಳ್ಳಲು ಹೇಳಿದರು. ಒಡ್ಡಿನ ಮೇಲೆ ಕೂತು ಅವರು ಬರೆದರು. ಸರಪಳಿ ಹಿಡಿದವರದು ಏನೂ ತಪ್ಪಿಲ್ಲ ಎಂಬುದನ್ನು ಬೇರೆಯಾಗಿ ಸೇರಿಸಬೇಕೆಂದು ಬೇಡಿಕೊಂಡೆ. ಸೇರಿಸಿದರು. ನನ್ನ ಸಹಿಗೆ ಮೊದಲು ಓದಿ ಹೇಳಿದಾಗ ಹುಸೇನ್‌ಸಾಬ ಹತ್ತಿರ ಬಂದ.

"ಆ ಕಡೀ ಮಾತು ಇನ್ನೊಮ್ಮೆ ಓದ್ರಿ," ಎಂದ.

ಗುಮಾಸ್ತರು ನ್ಯಾಯಾಧೀಶರ ಕಡೆ ನೋಡಿದರು. ಅವರು ತಲೆಯಾಡಿಸಿದರು. ಹುಸೇನ್‌ಸಾಬ ತನ್ನ ಹೆಸರು ಬರುವ ಜಾಗದಲ್ಲಿ ಕಣ್ಣು ಮುಚ್ಚಿ ಕೇಳಿದ. ಆಮೇಲೆ ಸರಪಳಿ ಬಿಚ್ಚಿದೆವು. ಕೊಡಲಿಯಿಂದ ಜಾಲಿ ಕಡಿಸಿ, ಹಳ್ಳದ ಬದಿಗೆ ಮೊದಲ ಸಲ ಸರಪಳಿ ಎಳೆದೆವು. ಐದು ಎಕರೆ ಮೂರು ಗುಂಟೆ.

ಕಡಲೆ ಕೀಳಲು ಕೋರ್ಟು ಆ ವಾರವೇ ಅಪ್ಪಣೆ ಕೊಟ್ಟಿತು. ಇಬ್ಬರೂ ಕೂಡಿ ಕಿತ್ತು, ಸಮ ಹಂಚಿಕೊಳ್ಳಬೇಕು. ನಾನೂ ನೋಡಲು ಹೋಗಿದ್ದೆ, ನನ್ನನ್ನು ಯಾರೂ ಕರೆದಿರಲಿಲ್ಲ. ಬಿತ್ತಿದ ಬೀಜದಷ್ಟನ್ನು ಮೊದಲು ನೀಲವ್ವನಿಗೆ ತೆಗೆದಿಡಬೇಕೆಂದು ಫಕೀರಪ್ಪನೇ ಹೇಳಿದ. ಅಂದು ಬೆಳಿಗ್ಗೆ ಅವನು ತಾನೂ ಕೀಳುತ್ತೇನೆಂದು ಸಾಲು ಹಿಡಿದ. ಕಡಲೆ ಗಿಡ ಗೇಣುದ್ದ, ಕುಕ್ಕರಗಾಲಿನಲ್ಲಿ ಕೂತೇ ಕೀಳಬೇಕು. ಅವನ ಬಲಗಾಲು ಮಡಚಲಿಲ್ಲ. ಒಂದು ಕಾಲು ಮುಂದೆ ಚಾಚಿ ನೆಲದ ಮೇಲೆ ಕೂತು ಸರಿಯುತ್ತ ಹೋದ. ನಾಲ್ಕು ಮಾರು ಹೋಗುವಷ್ಟರಲ್ಲಿ ನೀಲವ್ವ ಅಷ್ಟೂ ಸಾಲು ಮುಗಿಸಿ ಅವನ ಎದುರಿಗೆ ಬಂದು ನಿಂತಿದ್ದಳು.

"ಈ ಭೂಮಿ ನಿಮಗ ಒಲದಿಲ್ಲ ಬಿಡ್ರಿ," ಎಂದಳು. ಕುಹಕ ಇರಲಿಲ್ಲ.

ಫಕೀರಪ್ಪ ನಕ್ಕ. "ಈ ಕಾಲು ಮಗ್ಗಕ್ಕೂ ಒಲ್ಲೆ ಅಂತೈತಿ, ಕಡ್ಲಿಗೂ ಒಲ್ಲೆ ಅಂತೈತಿ. ನಿಂತು ಮಾಡೋ ಬೆಳಿ ಯಾವುದೈತಿ ಹೇಳು."

"ಹತ್ತಿ ಐತಲ್ರಿ. ನಿಂತ ಬಿಡಸಬಹುದು. ಆದ್ರ ಹತ್ತಿಗೆ ಇದಕ್ಕಿಂತ ದಪ್ಪ ಎರಿ ಬೇಕು."

ಇಬ್ಬರೂ ಅಲ್ಲೇ ಒಡ್ಡಿನ ಮೇಲೆ ಬಹಳ ಹೊತ್ತು ಮಾತಾಡಿದರು. ಮುಂದಿನ ತಾರೀಖಿಗೆ ಕೋರ್ಟಿನಲ್ಲಿ ರಾಜಿಯ ಅರ್ಜಿ ಬಿತ್ತು. ಪುರ್ತಗೇರಿಯ ಐದು ಎಕರೆಯೂ ನೀಲವ್ವನಿಗೆ, ಫಕೀರಪ್ಪನಿಗೆ ಬೇರೆ ಕಡೆ ಹತ್ತಿಯ ನೆಲ. ನ್ಯಾಯಾಧೀಶರು ಅದನ್ನು ಹಾಗೆಯೇ ತೀರ್ಪಾಗಿ ಬರೆದು, ನನ್ನ ತಪ್ಪಿನಿಂದ ಕಳೆದುಹೋದ ನೆಲವನ್ನು ಸರಕಾರ ತುಂಬಿ ಕೊಡಬೇಕೆಂದು ಸೇರಿಸಿದರು. ಇಟಗಿಯ ಹತ್ತಿರ ಫಕೀರಪ್ಪನಿಗೆ ನಾಲ್ಕು ಎಕರೆ ಸಿಕ್ಕಿತೆಂದೂ, ಅಳೆಯಲು ಬಂದವನಿಂದ ನಾಲ್ಕೂ ಬದಿಗೆ ಎರಡೆರಡು ಸಲ ಸರಪಳಿ ಎಳೆಸಿದನೆಂದೂ ಆಮೇಲೆ ಕೇಳಿದೆ.

ನನ್ನ ನೌಕರಿ ಹೋಗಲಿಲ್ಲ. ಬಡತಿ ನಿಂತಿತು, ಖಾಯಂ ಆಗುವುದು ಮುಂದೆ ಹೋಯಿತು, ನರಗುಂದದ ಕಡೆಗೆ ವರ್ಗವಾಯಿತು. ಹುಸೇನ್‌ಸಾಬನನ್ನೂ ಜೊತೆಗೆ ಕರೆದೊಯ್ಯಲು ಅಪ್ಪಣೆ ಪಡೆದೆ. ಅಲ್ಲಿ ಅವನಿಗೆ ದಿನಗೂಲಿ ಬಿಟ್ಟು ತಿಂಗಳ ಪಗಾರ ಆಗುವುದಿತ್ತು. ಆ ಸುದ್ದಿ ಹಿಡಿದುಕೊಂಡು ಕೊನೆಗೂ ಅವನ ಮನೆಯ ಹೊಸ್ತಿಲವರೆಗೆ ಹೋದೆ. ಒಳಗೆ ಕರೆದು ಚಹಾ ಕೊಡಿಸಿದ. ಎಲ್ಲ ಕೇಳಿದ.

"ನಾ ಬರೂದಿಲ್ರಿ, ಸಾಹೇಬ್ರ."

"ಇನ್ನೂ ಸಿಟ್ಟೇನು, ಹುಸೇನ್‌ಸಾಬ? ಎಲ್ಲಾರ ಮುಂದ ಹೇಳಿದೆನಲ್ಲ."

"ಸಿಟ್ಟಿಲ್ರಿ. ನೀವು ಹೇಳಿದ್ದು ಖರೇ, ಬರದದ್ದು ಖರೇ, ನಾ ಎರಡು ಸಲ ಕೇಳೀನಿ." ಬಟ್ಟಲು ಕೆಳಗಿಟ್ಟು ನನ್ನನ್ನು ನೋಡಿದ. "ಆದ್ರ ಸರಪಳಿ ಹಿಡಿಯಾಂವ ಮುಂದ ನಡೀತಾನ್ರಿ. ಬೆನ್ನು ನಿಮ್ಮ ಕಡೆ ಇರ್ತೈತಿ. ನಿಮಗ ಬೆನ್ನು ಕೊಟ್ಟು ನಡಿಯಾಕ ಇನ್ನ ನನ್ನ ಕಡಿಂದ ಆಗೂದಿಲ್ಲ."

ನಾನು ಚಹಾ ಮುಗಿಸಿದೆ. ಅವನು ಓಣಿಯ ತಿರುವಿನವರೆಗೆ ಬಂದು ಕಳಿಸಿಕೊಟ್ಟ.

ನರಗುಂದದಲ್ಲಿ ಮೊದಲ ದಿನ, ಗುಡ್ಡದ ಬುಡದ ಒಂದು ಹೊಲದಲ್ಲಿ, ಹೊಸದಾಗಿ ಕೊಟ್ಟಿದ್ದ ಸರಪಳಿಯವನು ಕಾದಿದ್ದ. ನನ್ನ ವಯಸ್ಸಿನವನೇ. ಕೆಲಸ ಶುರು ಮಾಡುವ ಮುಂಚೆ ಸಹಜವಾಗಿ ಕೇಳಿದ: "ರೋಣದಾಗ ನಿಮ್ಮ ಕೂಡ ಇದ್ದಾವನ್ನ ಯಾಕ ಬಿಟ್ಟು ಬಂದ್ರಿ?"

"ನಾ ಬಿಟ್ಟು ಬಂದಿಲ್ಲ, ಅಂವಾ ನನ್ನ ಬಿಟ್ಟ," ಎಂದೆ.

ಯಾಕೆ ಎಂದು ಕೇಳಿದ. ಹೇಳಿದೆ. ಜಾಲಿ, ಬಸ್ಸು, ಕಟಕಟೆಯಲ್ಲಿ ನಾನಾಡಿದ ಮಾತು, ಬಾಗಿಲಲ್ಲಿ ನಿಂತವನ ಕೈಬೆರಳು, ಒಂದನ್ನೂ ಬಿಡಲಿಲ್ಲ. ಹೇಳಿ ಮುಗಿಸುವಷ್ಟರಲ್ಲಿ ಬಿಸಿಲು ಏರಿತ್ತು. ಅವನು ಕೂತಲ್ಲೇ ಸ್ವಲ್ಪ ಹೊತ್ತು ಮಣ್ಣು ಕೆದಕಿದ. ಆಮೇಲೆ ಎದ್ದು ಸರಪಳಿಯ ತುದಿ ಎತ್ತಿಕೊಂಡು, ತಿರುಗಿ ನೋಡುತ್ತ ನೋಡುತ್ತ, ಮುಂದೆ ನಡೆದ.